ಬಿದ್ದ ದೂತನ ಕಣ್ಣೀರು: ಅದ್ಭುತಕಥೆಗಳ ಕತ್ತಲ ದೇವದೂತನೂ ವಿಮೋಚನೆಯ ಪ್ರಶ್ನೆಯೂ

ಕೆಲವು ವರ್ಷಗಳ ಹಿಂದೆ ಯುವಜನರ ಧ್ಯಾನಶಿಬಿರವೊಂದರ ಬಿಡುವಿನ ವೇಳೆಯಲ್ಲಿ, ಪಿಯುಸಿ ಓದುತ್ತಿದ್ದ ಹುಡುಗನೊಬ್ಬ ತನ್ನ ನೋಟುಪುಸ್ತಕವನ್ನು ನಮ್ಮ ಮುಂದೆ ತೆರೆದಿಟ್ಟನು. ಪುಟದ ತುಂಬ ಕಪ್ಪು ಪೆನ್ನಿನಿಂದ ಬಿಡಿಸಿದ ಒಂದೇ ಆಕೃತಿ: ಬಂಡೆಯ ಮೇಲೆ ಮೊಣಕಾಲು ಮಡಚಿ ಕುಳಿತ ಯುವಕ, ಬೆನ್ನಿನಿಂದ ನೆಲಕ್ಕೆ ಜೋತುಬಿದ್ದ ಎರಡು ಕರಿ ರೆಕ್ಕೆಗಳು, ತೋಳಿನ ಹಿಂದೆ ಅರ್ಧ ಮರೆಯಾದ ಮುಖ. ಚಿತ್ರ ಚೆನ್ನಾಗಿತ್ತು. "ಫಾದರ್, ಇವನಿಗೆ ಕ್ಷಮೆ ಇಲ್ಲವೇ ಇಲ್ಲವಾ?" ಎಂದು ಅವನು ಕೇಳಿದನು. ದೇವದೂತರ ಸಂಕಲ್ಪ ಒಮ್ಮೆ ನೆಲೆಗೊಂಡ ಮೇಲೆ ಬದಲಾಗದು, ಆದ್ದರಿಂದ ಬಿದ್ದ ದೂತರಿಗೆ ಪಶ್ಚಾತ್ತಾಪವಿಲ್ಲ ಎಂದು ನಾವು ತರಗತಿಯಲ್ಲಿ ಹೇಳುವಂತೆಯೇ ಹೇಳಿದೆವು. ಹುಡುಗ ತಲೆಯಾಡಿಸಿ ಪುಸ್ತಕ ಮುಚ್ಚಿಕೊಂಡು ಹೊರಟುಹೋದನು. ಉತ್ತರ ಸರಿಯಾಗಿತ್ತು. ಅವನು ಕೇಳಿದ್ದು ದೇವದೂತರ ಬಗ್ಗೆ ಆಗಿರಲಿಲ್ಲ ಎಂಬುದು ನಮಗೆ ಹೊಳೆದದ್ದು ಶಿಬಿರ ಮುಗಿದು ಬಸ್ಸುಗಳು ಹೊರಟ ಮೇಲೆ.

ಈ ಲೇಖನ ಆ ತಡವಾದ ಅರಿವಿನಿಂದ ಹುಟ್ಟಿದೆ. ಕಾದಂಬರಿ, ಚಿತ್ರಕಥೆ, ಧಾರಾವಾಹಿ, ವಿಡಿಯೋ ಗೇಮು, ಮೊಬೈಲಿನ ಪರದೆ ಎಲ್ಲೆಡೆಯೂ ಇಂದು ಕತ್ತಲ ದೇವದೂತನು ಕಾಣಿಸಿಕೊಳ್ಳುತ್ತಾನೆ. ಅವನು ಸುಂದರ, ಗಾಯಗೊಂಡವನು, ಒಂಟಿ. ಬಹುಪಾಲು ಕಥೆಗಳಲ್ಲಿ ಕೊನೆಗೆ ಉದ್ಧಾರ ಹೊಂದುವವನು. ಇದನ್ನು ಕಂಡಾಗ ನಮ್ಮಲ್ಲಿ ಎರಡು ಬಗೆಯ ಪ್ರತಿಕ್ರಿಯೆಗಳು ರೂಢಿಯಾಗಿವೆ. ಕೆಲವರು ಇದೆಲ್ಲ ಸೈತಾನನ ವೈಭವೀಕರಣವೆಂದು ನಿಷೇಧಿಸುತ್ತಾರೆ. ಕೆಲವರು ಕಥೆಯೊಳಗೆ ವಿಮೋಚನೆ ಎಂಬ ಶಬ್ದ ಬಂದ ಮಾತ್ರಕ್ಕೆ ಅದನ್ನು ಶುಭಸಂದೇಶದ ಮುನ್ನುಡಿಯೆಂದು ಬರಮಾಡಿಕೊಳ್ಳುತ್ತಾರೆ. ಎರಡೂ ಅವಸರದ ಮಾತುಗಳು. ಚಿತ್ರವನ್ನು ನಿಧಾನವಾಗಿ ನೋಡಿ, ಕಥೆಯನ್ನು ಪೂರ್ತಿ ಓದಿ, ಅಲ್ಲಿ ವಿಮೋಚನೆ ಹೇಗೆ ಸಂಭವಿಸುತ್ತದೆ ಎಂದು ಕೇಳುವುದು ದೈವಶಾಸ್ತ್ರೀಯ ವಿಮರ್ಶೆಯ ಕೆಲಸ.

ಶ್ರೀಗ್ರಂಥದ ಮಿತಭಾಷೆ

ಮೊದಲಿಗೆ ಒಂದು ಸಂಗತಿಯನ್ನು ನೆನಪಿಡಬೇಕು. ದೂತರ ಪತನದ ಬಗ್ಗೆ ಶ್ರೀಗ್ರಂಥ ಹೇಳುವುದು ಬಹಳ ಕಡಿಮೆ. ಪೇತ್ರನ ಎರಡನೆಯ ಪತ್ರದ 2:4 ಮತ್ತು ಯೂದನ ಪತ್ರದ 6ನೆಯ ವಚನ ಪಾಪಮಾಡಿದ ದೂತರನ್ನು ಹೆಸರಿಲ್ಲದೆ, ಒಂದೊಂದೇ ವಾಕ್ಯದಲ್ಲಿ ಪ್ರಸ್ತಾಪಿಸುತ್ತವೆ. ಯೆಶಾಯ 14ರಲ್ಲಿ ಆಕಾಶದಿಂದ ಬಿದ್ದ ಬೆಳ್ಳಿಚುಕ್ಕಿಯ ರೂಪಕವಿದೆ. ಆದರೆ ಅಲ್ಲಿ ಪ್ರವಾದಿ ಅಣಕಿಸುವುದು ಬಾಬಿಲೋನಿನ ಅರಸನನ್ನು. ಪ್ರಭು ಯೇಸು ಲೂಕ 10:18ರಲ್ಲಿ ಆಡಿದ ಮಾತಿನೊಡನೆ ಈ ಭಾಗವನ್ನು ಜೋಡಿಸಿ ಸೈತಾನನ ಪತನವೆಂದು ಓದಿದವರು ಒರಿಗೆನ್ ಮೊದಲಾದ ಸಭಾಪಿತೃಗಳು.

ಲ್ಯಾಟಿನ್ ಬೈಬಲಿನಲ್ಲಿ ಆ ಬೆಳ್ಳಿಚುಕ್ಕಿಗೆ ಬಂದ ಶಬ್ದ 'ಲೂಸಿಫೆರ್', ಅಂದರೆ ಬೆಳಕು ಹೊರುವವನು. ಇದೇ ಶಬ್ದ ಪೇತ್ರನ ಎರಡನೆಯ ಪತ್ರದ 1:19ರಲ್ಲಿ ವಿಶ್ವಾಸಿಗಳ ಹೃದಯದಲ್ಲಿ ಮೂಡುವ ಬೆಳ್ಳಿಗೆ ಬಂದಿದೆ. ಪಾಸ್ಖ ಜಾಗರಣೆಯ ರಾತ್ರಿ ನಾವು ಹಾಡುವ ಘೋಷಣೆಯ ಲ್ಯಾಟಿನ್ ಮೂಲದಲ್ಲಿ ಎಂದೂ ಅಸ್ತಮಿಸದ ಬೆಳ್ಳಿಯೆಂದು ಕ್ರಿಸ್ತನನ್ನು ಕರೆಯುವಾಗಲೂ ಇದೇ ಶಬ್ದ. ನಾಲ್ಕನೆಯ ಶತಮಾನದಲ್ಲಿ ಆರಿಯನ್ನರ ವಿರುದ್ಧ ನಿಂತ ಕಾಲ್ಯಾರಿಯ ಧರ್ಮಾಧ್ಯಕ್ಷನ ಹೆಸರು ಲೂಸಿಫರ್ ಎಂದೇ ಇತ್ತು. ಆ ಹೆಸರಿಗೆ ಇಂದಿರುವ ಕತ್ತಲು ನಂತರದ ಕಲ್ಪನೆಯ ಕೊಡುಗೆ. ಕಲ್ಪನೆಗೆ ಜಾಗ ಮಾಡಿಕೊಟ್ಟದ್ದು ಶ್ರೀಗ್ರಂಥದ ಮೌನ. ಕಲಾವಿದರು ಆ ಜಾಗವನ್ನು ಬಳಸಿಕೊಂಡರೆಂದು ನಾವು ಸಿಟ್ಟಾಗಬೇಕಿಲ್ಲ.

ಬಣ್ಣ, ಕಲ್ಲು, ಕಣ್ಣೀರು

ಇಟಲಿಯ ರಾವೆನ್ನಾದಲ್ಲಿರುವ ಸಂತ ಅಪೊಲ್ಲಿನಾರೆ ನೂವೊ ದೇವಾಲಯದಲ್ಲಿ ಆರನೆಯ ಶತಮಾನದ ಒಂದು ಮೊಸಾಯಿಕ್ ಚಿತ್ರವಿದೆ. ಕ್ರಿಸ್ತನು ಕುರಿಗಳನ್ನೂ ಆಡುಗಳನ್ನೂ ಬೇರ್ಪಡಿಸುತ್ತಿದ್ದಾನೆ. ಕುರಿಗಳ ಬದಿಯಲ್ಲಿ ಕೆಂಪು ದೂತ, ಆಡುಗಳ ಬದಿಯಲ್ಲಿ ನೀಲಿ ದೂತ. ಈ ನೀಲಿಯವನೇ ಕ್ರೈಸ್ತ ಕಲೆಯಲ್ಲಿ ಉಳಿದುಬಂದಿರುವ ಸೈತಾನನ ಅತ್ಯಂತ ಹಳೆಯ ಚಿತ್ರಣಗಳಲ್ಲಿ ಒಬ್ಬನೆಂದು ಹಲವು ಕಲಾ ಇತಿಹಾಸಕಾರರು ಭಾವಿಸುತ್ತಾರೆ. ಅವನಿಗೆ ಕೊಂಬಿಲ್ಲ, ಬಾಲವಿಲ್ಲ, ಮುಖದಲ್ಲಿ ವಿಕಾರವಿಲ್ಲ, ತಲೆಯ ಸುತ್ತ ಪ್ರಭಾವಳಿಯೂ ಇದೆ. ಅವನನ್ನು ಬೇರ್ಪಡಿಸುವುದು ಅವನು ನಿಂತ ಬದಿ ಮತ್ತು ಬಣ್ಣ ಮಾತ್ರ. ಆಡು ಕಾಲಿನ, ಬಾವಲಿ ರೆಕ್ಕೆಯ ಭೀಕರ ಸೈತಾನ ಕಲೆಯಲ್ಲಿ ಬೇರೂರಿದ್ದು ಮಧ್ಯಯುಗದಲ್ಲಿ. ಆದ್ದರಿಂದ ಸುಂದರನಾದ ಕತ್ತಲ ದೂತನನ್ನು ಆಧುನಿಕರ ದುಸ್ಸಾಹಸವೆಂದು ತಳ್ಳಿಹಾಕುವುದು ಚರಿತ್ರೆಗೆ ಒಪ್ಪುವ ಮಾತಲ್ಲ.

ದೈವಶಾಸ್ತ್ರಕ್ಕೂ ಒಪ್ಪುವುದಿಲ್ಲ. ಸೈತಾನನೂ ಇತರ ದುಷ್ಟದೂತರೂ ದೇವರಿಂದ ಸ್ವಭಾವತಃ ಒಳ್ಳೆಯವರಾಗಿಯೇ ಸೃಷ್ಟಿಯಾದರು, ತಾವಾಗಿಯೇ ಕೆಟ್ಟವರಾದರು ಎಂದು 1215ರ ನಾಲ್ಕನೆಯ ಲ್ಯಾಟೆರನ್ ಮಹಾಸಭೆ ಬೋಧಿಸಿತು. ಕೆಡುಕಿಗೆ ತನ್ನದೇ ಆದ ಸತ್ತ್ವವಿಲ್ಲ, ಅದು ಒಳಿತಿನ ಕೊರತೆ ಎಂಬ ಸಂತ ಅಗಸ್ಟೀನರ ವಿಚಾರ ಇದರ ಹಿಂದಿದೆ. ಹೀಗಿರುವಾಗ ಬಿದ್ದ ದೂತನಲ್ಲಿ ಸೌಂದರ್ಯದ ಉಳಿಕೆಯನ್ನು ತೋರಿಸುವ ಕಲಾವಿದನು, ಕೊಂಬು ಬಾಲ ಅಂಟಿಸುವವನಿಗಿಂತ ಸಿದ್ಧಾಂತಕ್ಕೆ ಹೆಚ್ಚು ಹತ್ತಿರವಿದ್ದಾನೆ.

ಆದರೂ ಸೌಂದರ್ಯ ಧರ್ಮಸಭೆಯನ್ನು ಪೇಚಿಗೆ ಸಿಲುಕಿಸಿದ ಪ್ರಸಂಗವೊಂದು ಬೆಲ್ಜಿಯಂನಲ್ಲಿ ನಡೆದಿದೆ. ಲಿಯೆಜ್ ನಗರದ ಸಂತ ಪೌಲರ ಪ್ರಧಾನಾಲಯದ ಬೋಧನಾಪೀಠಕ್ಕಾಗಿ ಶಿಲ್ಪಿ ಜೋಸೆಫ್ ಗೇಫ್ಸ್ ಬಿದ್ದ ದೂತನ ಅಮೃತಶಿಲೆಯ ವಿಗ್ರಹವನ್ನು ಕೆತ್ತಿದನು. ಕೆಡುಕಿನ ಮೇಲೆ ಧರ್ಮದ ವಿಜಯ ಎಂಬುದು ಆ ಪೀಠದ ವಸ್ತು. ಆದರೆ ದೂತನು ಎಷ್ಟು ಚೆಲುವನಾಗಿದ್ದನೆಂದರೆ ಭಕ್ತರ ಗಮನ ಬೋಧನೆಯಿಂದ ಅವನ ಕಡೆಗೆ ಹರಿಯುತ್ತದೆಂಬ ಆಕ್ಷೇಪ ಬಂದು, ವಿಗ್ರಹವನ್ನು ತೆಗೆಸಲಾಯಿತು. ಅದರ ಬದಲಿಗೆ ಅವನ ಅಣ್ಣ ಗಿಯೋಮ್ ಗೇಫ್ಸ್ ಕೆತ್ತಿದ ವಿಗ್ರಹ 1848ರಲ್ಲಿ ಬಂದಿತು. ಅದು ಇಂದಿಗೂ ಅಲ್ಲಿದೆ. ಅಣ್ಣನ ದೂತನೂ ಕುರೂಪಿಯಲ್ಲ. ಆದರೆ ಅವನ ಕಾಲಿಗೆ ಸರಪಳಿ ಇದೆ, ರಾಜದಂಡ ಮುರಿದಿದೆ, ಕಿರೀಟ ತಲೆಯಿಂದ ಕೈಗೆ ಇಳಿದಿದೆ, ಪಾದದ ಬಳಿ ಕಚ್ಚಿದ ಹಣ್ಣಿದೆ, ಕಣ್ಣಂಚಿನಲ್ಲಿ ಒಂದು ಹನಿ ಇದೆ. ತಮ್ಮನು ಚೆಲುವನ್ನಷ್ಟೇ ಕೆತ್ತಿದನು. ಅಣ್ಣನು ಚೆಲುವಿನ ಜೊತೆಗೆ ಅದರ ಸೋಲನ್ನೂ ಕೆತ್ತಿದನು. ಅದೇ ಕಲ್ಲು, ಅದೇ ವಸ್ತು, ಅದೇ ಮನೆತನ. ವ್ಯತ್ಯಾಸವಿರುವುದು ಕೆಡುಕಿನ ಪರಿಣಾಮವನ್ನು ಕಾಣಿಸುವ ಪ್ರಾಮಾಣಿಕತೆಯಲ್ಲಿ.

ಆ ಕಣ್ಣ ಹನಿ ಮುಖ್ಯ. 1847ರಲ್ಲಿ ಫ್ರಾನ್ಸಿನ ಅಲೆಕ್ಸಾಂದ್ರ್ ಕಬನೆಲ್ ತನ್ನ ಇಪ್ಪತ್ತರ ಹರೆಯದಲ್ಲಿ ಬರೆದ 'ಬಿದ್ದ ದೂತ' ಎಂಬ ತೈಲಚಿತ್ರದಲ್ಲಿಯೂ ಅದೇ ಹನಿ ಇದೆ. ಮೂಲಚಿತ್ರ ಮೊಂಪೆಲಿಯೇ ನಗರದ ಫಾಬ್ರ್ ಸಂಗ್ರಹಾಲಯದಲ್ಲಿದೆ. ಅದರ ನಕಲುಗಳು ನಮ್ಮ ಯುವಜನರ ಮೊಬೈಲುಗಳಲ್ಲಿವೆ. ನಮ್ಮ ಹುಡುಗನ ನೋಟುಪುಸ್ತಕದ ಆಕೃತಿಯೂ ಅದರ ಛಾಯೆಯೇ. ಹೆಣೆದ ಕೈಗಳ ಮರೆಯಿಂದ ದೂತನ ಕಣ್ಣುಗಳಷ್ಟೇ ಕಾಣುತ್ತವೆ. ಹಿಂದೆ ಆಕಾಶದಲ್ಲಿ ನಿಷ್ಠಾವಂತ ದೂತರ ಗಣ ಹಾರುತ್ತಿದೆ. ಅವನು ಅತ್ತ ನೋಡುತ್ತಿಲ್ಲ. ಕಣ್ಣಲ್ಲಿ ನೀರಿದೆ, ಹುಬ್ಬು ಗಂಟಿಕ್ಕಿದೆ. ಅದು ದುಃಖದ ಹನಿಯೋ, ಅವಮಾನದ್ದೋ, ರೋಷದ್ದೋ? ಚಿತ್ರಕಾರನು ತೀರ್ಪು ಕೊಡುವುದಿಲ್ಲ. ಚಿತ್ರದ ಬಲ ಇರುವುದು ಅಲ್ಲಿಯೇ.

ಸಂತ ಪೌಲನು ಕೊರಿಂಥಿಯರಿಗೆ ಬರೆದ ಎರಡನೆಯ ಪತ್ರದ 7:10ರಲ್ಲಿ ದೇವರಿಗೆ ಒಪ್ಪುವ ದುಃಖವನ್ನೂ ಲೋಕದ ದುಃಖವನ್ನೂ ಬೇರ್ಪಡಿಸುತ್ತಾನೆ: ಒಂದು ಮನಪರಿವರ್ತನೆಗೆ ಒಯ್ಯುತ್ತದೆ, ಇನ್ನೊಂದು ಸಾವಿಗೆ. ಪೇತ್ರನು ಅತ್ತನು, ಯೂದನೂ ತನ್ನ ಕೃತ್ಯಕ್ಕಾಗಿ ನೊಂದು ಹಣವನ್ನು ಹಿಂದಿರುಗಿಸಿದನು. ಲೂಕನ ಪ್ರಕಾರ ಪೇತ್ರನ ಅಳುವಿಗೆ ಮೊದಲು ಪ್ರಭುವಿನ ನೋಟವಿತ್ತು. ಯೂದನು ಹೋದದ್ದು ಪ್ರಧಾನ ಯಾಜಕರ ಬಳಿಗೆ. ಅಲ್ಲಿ ಅವನತ್ತ ಕರುಣೆಯಿಂದ ನೋಡಿದವರಿಲ್ಲ. ಕಣ್ಣೀರು ಪಶ್ಚಾತ್ತಾಪದ ಬಾಗಿಲಾಗಬಲ್ಲುದು, ಕಣ್ಣೀರೇ ಪಶ್ಚಾತ್ತಾಪವಾಗದು. ಕತ್ತಲ ದೂತನ ಕಥೆಗಳನ್ನೆಲ್ಲ ಅಳೆಯಲು ನಮಗೆ ಸಿಕ್ಕುವ ಮೊದಲ ಅಳತೆಗೋಲು ಇದು.

ಈ ಭಾಗವನ್ನು ಮುಗಿಸುವ ಮುನ್ನ ಬಣ್ಣದ ಬಗ್ಗೆ ನಮ್ಮ ನೆಲದ ಒಂದು ಮಾತು. ಗೀದೊ ರೇನಿ ಸುಮಾರು 1635ರಲ್ಲಿ ಬರೆದ ಮಹಾದೂತ ಮಿಖಾಯೇಲನ ಚಿತ್ರದ ಮುದ್ರಿತ ಪ್ರತಿಗಳೂ ಅದನ್ನನುಸರಿಸಿದ ಪ್ರತಿಮೆಗಳೂ ನಮ್ಮ ಮನೆಗಳಲ್ಲಿ, ದೇವಾಲಯಗಳಲ್ಲಿ ಇವೆ. ಬಿಳಿಮೈಯ ಮಿಖಾಯೇಲ, ಅವನ ಕಾಲಡಿಯಲ್ಲಿ ಕಂದುಮೈಯ ಸೈತಾನ. ಕಪ್ಪು ಮೈಬಣ್ಣವೇ ಕುಂದೆಂದು ಮದುವೆಯ ಮಾತುಕತೆಯಲ್ಲಿ, ಶಾಲೆಯಲ್ಲಿ, ಬೀದಿಯಲ್ಲಿ ಕೇಳಿಸಿಕೊಳ್ಳುತ್ತ ಬೆಳೆದ ಮಗು ಆ ಚಿತ್ರವನ್ನು ನೋಡಿ ತನ್ನ ಬಣ್ಣ ಯಾರ ಬದಿಯಲ್ಲಿದೆಯೆಂದು ಲೆಕ್ಕಹಾಕುತ್ತದೆ. ಶ್ರೀಗ್ರಂಥದ ಕತ್ತಲು ಬೆಳಕಿನ ಅಭಾವವೇ ಹೊರತು ಚರ್ಮದ ವರ್ಣವಲ್ಲ. ಪರಮಗೀತೆಯ ವಧು ಕಪ್ಪಾಗಿಯೂ ಚೆಲುವೆಯಾಗಿಯೂ ಇದ್ದಾಳೆ. 'ಕರಿದೂತ' ಎಂಬುದನ್ನು ಬಿಟ್ಟು 'ಕತ್ತಲ ದೂತ' ಎಂದೇ ನಾವು ಬರೆಯುತ್ತಿರುವುದಕ್ಕೆ ಕಾರಣ ಇದು.

ಮರಳಿ ಬರಲು ಬಯಸಿದ ದೂತರು

ಸಾಹಿತ್ಯದಲ್ಲಿ ಕತ್ತಲ ದೂತನಿಗೆ ಮನಸ್ಸು ಕೊಟ್ಟವನು ಮಿಲ್ಟನ್. 1667ರಲ್ಲಿ ಪ್ರಕಟವಾದ 'ಪ್ಯಾರಡೈಸ್ ಲಾಸ್ಟ್' ಕಾವ್ಯದ ಸೈತಾನನು ಮೊದಲ ಪುಸ್ತಕಗಳಲ್ಲಿ ಧೀರನಂತೆ ಗರ್ಜಿಸುತ್ತಾನೆ. ಈ ಭಾಗವನ್ನಷ್ಟೇ ನೆನಪಿಟ್ಟು, ಕವಿ ತನಗರಿವಿಲ್ಲದೆ ಸೈತಾನನ ಪಕ್ಷ ವಹಿಸಿದನೆಂದು ವಿಲಿಯಂ ಬ್ಲೇಕ್ ವಾದಿಸಿದನು. ಆದರೆ ನಾಲ್ಕನೆಯ ಪುಸ್ತಕವನ್ನೂ ಓದಬೇಕು. ಅಲ್ಲಿ ಸೈತಾನನು ಒಂಟಿಯಾಗಿ ಸೂರ್ಯನನ್ನು ನೋಡುತ್ತ, ತನಗೆ ಪಶ್ಚಾತ್ತಾಪಕ್ಕೆ ಎಡೆ ಉಳಿದಿದೆಯೇ ಎಂದು ಕೇಳಿಕೊಳ್ಳುತ್ತಾನೆ. ಶರಣಾಗತಿಯೊಂದೇ ದಾರಿಯೆಂದು ಅವನಿಗೆ ಗೊತ್ತು. ಆದರೆ ತಾನು ಮರುಳುಮಾಡಿ ಕರೆತಂದ ಸಂಗಡಿಗರೆದುರು ತಲೆತಗ್ಗಿಸುವ ನಾಚಿಕೆಯನ್ನು ಸಹಿಸಲಾರನು. ಕ್ಷಮೆ ದೊರೆತರೂ ಮತ್ತೆ ಬೀಳುವೆನೆಂದು ತಾನೇ ಲೆಕ್ಕಹಾಕಿ, ಕೆಡುಕನ್ನೇ ತನ್ನ ಒಳಿತಾಗಿ ಆರಿಸಿಕೊಳ್ಳುತ್ತಾನೆ. ಹಠಕ್ಕೆ ಸಿಲುಕಿದ ಆತ್ಮದ ತರ್ಕವನ್ನು ಇಷ್ಟು ನಿಖರವಾಗಿ ಬಿಚ್ಚಿಟ್ಟ ಪುಟಗಳು ವಿರಳ. ನಾಚಿಕೆ, ಪ್ರತಿಷ್ಠೆ, ಮತ್ತೆ ಬೀಳುವ ಭಯ: ಪಾಪನಿವೇದನೆಯಿಂದ ಮನುಷ್ಯರನ್ನು ದೂರ ಇಡುವುವೂ ಈ ಮೂರೇ ಎಂಬುದು ಪ್ರತಿಯೊಬ್ಬ ಯಾಜಕನಿಗೂ ತನ್ನ ಸ್ವಂತ ಜೀವನದಿಂದಲೇ ತಿಳಿದಿದೆ.

ಮಿಲ್ಟನ್ ನಿರಾಕರಿಸಿದ್ದನ್ನು ಜರ್ಮನ್ ಕವಿ ಕ್ಲೋಪ್‌ಸ್ಟಾಕ್ ಅನುಗ್ರಹಿಸಿದನು. 1748ರಿಂದ 1773ರವರೆಗೆ ಪ್ರಕಟವಾದ ಅವನ 'ಮೆಸ್ಸಿಯಾಸ್' ಮಹಾಕಾವ್ಯದಲ್ಲಿ ಅಬ್ಬದೋನ ಎಂಬ ದೂತನಿದ್ದಾನೆ. ಸೈತಾನನ ದಂಗೆಯಲ್ಲಿ ಸೇರಿ ಬಿದ್ದವನು. ಆದರೆ ನಿಷ್ಠನಾಗಿ ಉಳಿದ ಗೆಳೆಯ ಅಬ್ದಿಯೇಲನನ್ನು ಮರೆಯಲಾರದವನು. ಪ್ರಭುವಿನ ಯಾತನೆಯ ಸುತ್ತಮುತ್ತ ದೂರದಿಂದಲೇ ಅಲೆದು, ಅಳುತ್ತ, ಕಡೆಗೆ ಅವನು ಕ್ಷಮೆ ಹೊಂದುತ್ತಾನೆ. ಇಂದಿನ ಅದ್ಭುತಕಥೆಗಳ ಉದ್ಧಾರವಾದ ಕತ್ತಲ ದೂತರಿಗೆಲ್ಲ ಇವನೇ ಪೂರ್ವಜನೆನ್ನಬಹುದು. ಒಂದು ವಿಷಯದಲ್ಲಿ ಮಾತ್ರ ಅವನು ತನ್ನ ಸಂತತಿಗಿಂತ ಬೇರೆ: ಅವನ ಕ್ಷಮೆ ಅವನೊಳಗಿಂದ ಹುಟ್ಟುವುದಿಲ್ಲ, ಶಿಲುಬೆಯ ಕಡೆಯಿಂದ ಬರುತ್ತದೆ.

ಫ್ರೆಂಚರ ಇಬ್ಬರು ಕವಿಗಳು ಈ ವಸ್ತುವನ್ನು ಎರಡು ತುದಿಗೆ ಒಯ್ದರು. ವಿನ್ಯಿಯ 'ಎಲೋವಾ' (1824) ಕಾವ್ಯದಲ್ಲಿ, ಲಾಜರನಿಗಾಗಿ ಕ್ರಿಸ್ತನು ಸುರಿಸಿದ ಕಣ್ಣೀರಿನಿಂದ ಜನಿಸಿದ ದೇವದೂತೆಯೊಬ್ಬಳು ಬಿದ್ದವನನ್ನು ಸಂತೈಸಲು ಹೋಗುತ್ತಾಳೆ. ಅವನು ಅವಳನ್ನೇ ಕೆಳಕ್ಕೆ ಎಳೆದೊಯ್ಯುತ್ತಾನೆ. ತಾನು ಯಾರೊಡನೆ ಇದ್ದೇನೆಂದು ಅವಳಿಗೆ ತಿಳಿಯುವುದು ಕೊನೆಯಲ್ಲಿ. ಸತ್ಯವನ್ನು ಕೇಳದ ಕನಿಕರ ಯಾರನ್ನೂ ಎತ್ತದು ಎಂಬ ಎಚ್ಚರ ಇಲ್ಲಿದೆ. ವಿಕ್ಟರ್ ಹ್ಯೂಗೋ ಬರೆದು ಮುಗಿಸದೆ ಬಿಟ್ಟ, ಅವನ ಮರಣಾನಂತರ 1886ರಲ್ಲಿ ಪ್ರಕಟವಾದ 'ಸೈತಾನನ ಅಂತ್ಯ' ಕಾವ್ಯದಲ್ಲಿ, ಬೀಳುವಾಗ ಪಾತಾಳದ ಅಂಚಿನಲ್ಲಿ ಉಳಿದ ಒಂದು ಗರಿಯಿಂದ ಸ್ವಾತಂತ್ರ್ಯವೆಂಬ ದೇವದೂತೆ ಜನಿಸುತ್ತಾಳೆ. ಅವಳ ಮೂಲಕ ಸೈತಾನನು ಕ್ಷಮೆ ಹೊಂದಿ ಲೂಸಿಫರನಾಗಿ ಮರುಹುಟ್ಟುತ್ತಾನೆ. ಬಿದ್ದವನಿಂದಲೂ ಬೀಳದ ಒಂದು ಗರಿ ಎಂಬ ಕಲ್ಪನೆ ಮನಮುಟ್ಟುವಂಥದ್ದು. ಆದರೆ ಗಮನಿಸಿ: ಇಲ್ಲಿ ವಿಮೋಚಕಿ ಬಿದ್ದವನ ಗರಿಯಿಂದಲೇ ಬಂದವಳು. ಕ್ಲೋಪ್‌ಸ್ಟಾಕನ ಶಿಲುಬೆ ಹ್ಯೂಗೋನ ಕೈಯಲ್ಲಿ ತನ್ನ ಸ್ಥಾನವನ್ನು ಬಿಟ್ಟುಕೊಟ್ಟಿದೆ.

ಸಿದ್ಧಾಂತ ಕ್ರೂರವೇ?

ಈ ಹಂತದಲ್ಲಿ ವಾಚಕರು ನಮ್ಮ ಹುಡುಗನ ಪ್ರಶ್ನೆಯನ್ನೇ ಕೇಳಬಹುದು: ಕವಿಗಳು ಕೊಟ್ಟ ಕ್ಷಮೆಯನ್ನು ಧರ್ಮಸಭೆ ಏಕೆ ಕೊಡುವುದಿಲ್ಲ?

ಪ್ರಶ್ನೆ ಹಳೆಯದು, ಅದನ್ನು ಕೇಳಿದವರೂ ಸಾಮಾನ್ಯರಲ್ಲ. ಸಮಸ್ತವೂ ಕೊನೆಗೆ ದೇವರಲ್ಲಿ ಪುನಃಸ್ಥಾಪಿತವಾಗುವುದೆಂದು ಒರಿಗೆನ್ ಆಲೋಚಿಸಿದನು. ಆದರೆ ಸೈತಾನನ ಉದ್ಧಾರವನ್ನು ತಾನು ಬೋಧಿಸಿದೆನೆಂಬ ಆಪಾದನೆಯನ್ನು ಅವನೇ ಪತ್ರವೊಂದರಲ್ಲಿ ತಳ್ಳಿಹಾಕಿದ್ದನೆಂದು ತಿಳಿದುಬರುತ್ತದೆ. ನಿಸ್ಸಾದ ಸಂತ ಗ್ರೆಗೊರಿ ತನ್ನ ಧರ್ಮೋಪದೇಶ ಗ್ರಂಥದಲ್ಲಿ ಕೆಡುಕಿನ ಮೂಲಕರ್ತನೂ ಗುಣಹೊಂದುವ ಸಾಧ್ಯತೆಯನ್ನು ಸೂಚಿಸುತ್ತಾನೆ. ದುಷ್ಟದೂತರ ಶಿಕ್ಷೆಗೆ ಅಂತ್ಯವುಂಟೆಂಬ ಮತವನ್ನು 543ರಲ್ಲಿ ಚಕ್ರವರ್ತಿ ಜಸ್ಟಿನಿಯನ್ ಹೊರಡಿಸಿದ ಶಾಸನ ಖಂಡಿಸಿತು. ಅನಂತರವೂ ಏಳನೆಯ ಶತಮಾನದ ಸಿರಿಯಾಕ್ ಸಂತ ಇಸಾಕನು, ಕರುಣೆಯ ಹೃದಯವೆಂದರೆ ಮನುಷ್ಯ, ಹಕ್ಕಿ, ಮೃಗಗಳಿಗಾಗಿ ಮಾತ್ರವಲ್ಲದೆ ದೆವ್ವಗಳಿಗಾಗಿಯೂ ಉರಿಯುವ ಹೃದಯವೆಂದು ಬರೆದನು. ಬಿದ್ದ ದೂತನಿಗಾಗಿ ಮರುಗುವ ಹುಡುಗನು ಪಾಷಂಡಿಯಲ್ಲ. ಅವನು ಸಂತರ ಸಂಗಡ ಇದ್ದಾನೆ.

ಹಾಗಾದರೆ ಸಿದ್ಧಾಂತ ಹೇಳುವುದೇನು? ಸಂತ ತೋಮಸ್ ಅಕ್ವಿನಾಸರು 'ಸುಮ್ಮಾ' ಗ್ರಂಥದ ಮೊದಲ ಭಾಗದ 64ನೆಯ ಪ್ರಶ್ನೆಯಲ್ಲಿ ವಿವರಿಸುವಂತೆ, ಮನುಷ್ಯನು ತರ್ಕದ ಮೆಟ್ಟಿಲುಗಳನ್ನು ಒಂದೊಂದಾಗಿ ಏರಿ ತಿಳಿಯುತ್ತಾನೆ. ಆದ್ದರಿಂದ ಆಯ್ಕೆಗೆ ಮೊದಲೂ ಆಯ್ಕೆಯ ಅನಂತರವೂ ಅವನ ಸಂಕಲ್ಪ ಹೊರಳಬಲ್ಲುದು. ದೇವದೂತನು ಒಂದೇ ನೋಟದಲ್ಲಿ, ಪೂರ್ತಿಯಾಗಿ ತಿಳಿಯುತ್ತಾನೆ. ಆಯ್ಕೆಯಾದ ಮೇಲೆ ಅವನಿಗೆ ಹೊಸದಾಗಿ ತಿಳಿಯಲು ಉಳಿಯುವುದೇನೂ ಇಲ್ಲ. ಕಥೋಲಿಕ ಧರ್ಮಸಭೆಯ ಧರ್ಮೋಪದೇಶ ತನ್ನ 393ನೆಯ ಪರಿಚ್ಛೇದದಲ್ಲಿ ಇದನ್ನೇ ಸ್ಪಷ್ಟಪಡಿಸುತ್ತದೆ: ದೂತರ ಪಾಪ ಕ್ಷಮೆಗೆ ಒಳಗಾಗದಿರುವುದು ದೇವರ ಕರುಣೆಯಲ್ಲಿನ ಕೊರತೆಯಿಂದಲ್ಲ, ಅವರ ಆಯ್ಕೆ ಹಿಂತೆಗೆಯಲಾಗದ್ದಾಗಿರುವುದರಿಂದ. ಸಂತ ಅನ್ಸೆಲ್ಮರು ಇನ್ನೊಂದು ಕಾರಣವನ್ನು ಸೇರಿಸುತ್ತಾರೆ. ದೂತರು ಒಂದೇ ವಂಶದವರಲ್ಲ. ಒಬ್ಬೊಬ್ಬನೂ ತಾನೇ ಬಿದ್ದನು. ನಮ್ಮಂತೆ ಒಂದು ಕುಲವಾಗಿ ಬಿದ್ದು, ಅದೇ ಕುಲದಲ್ಲಿ ಹುಟ್ಟಿದ ಒಬ್ಬನಿಂದ ಎತ್ತಲ್ಪಡುವ ಬಂಧುತ್ವ ಅವರಿಗಿಲ್ಲ. ಹಿಬ್ರಿಯರಿಗೆ ಬರೆದ ಪತ್ರದ 2:16 ಹೇಳುವುದೂ ಇದನ್ನೇ: ಪ್ರಭು ಕೈಹಿಡಿದದ್ದು ದೂತರನ್ನಲ್ಲ, ಅಬ್ರಹಾಮನ ಸಂತತಿಯನ್ನು.

ಈ ಬೋಧನೆಯನ್ನು ನಾವು ಸಾಮಾನ್ಯವಾಗಿ ದೂತರ ಕಡೆಯಿಂದ ಓದಿ ಕಠಿಣವೆನ್ನುತ್ತೇವೆ. ಅದನ್ನು ಮನುಷ್ಯರ ಕಡೆಯಿಂದ ಓದಬೇಕು. ತಡವಾಗಿ ತಿಳಿಯುವುದು, ಅರೆಬರೆ ಅರಿತು ತಪ್ಪುವುದು, ದಣಿಯುವುದು, ನಿದ್ರಿಸಿ ಬೆಳಿಗ್ಗೆ ಬೇರೆ ಮನಸ್ಸಿನಿಂದ ಏಳುವುದು, ತಾಯಿಯ ಕಣ್ಣೀರಿಗೆ ಕರಗುವುದು: ಇವೆಲ್ಲ ನಮ್ಮ ದೌರ್ಬಲ್ಯಗಳೆಂದು ನಾವು ಎಣಿಸುತ್ತೇವೆ. ಆದರೆ ಪಶ್ಚಾತ್ತಾಪ ಒಳನುಸುಳುವುದು ಇದೇ ಬಿರುಕುಗಳಿಂದ. ದೇಹವೂ ಕಾಲವೂ ನಮಗೆ ಸಿಕ್ಕ ವರಪ್ರಸಾದದ ರೂಪಗಳು. ಕತ್ತಲ ದೂತನಿಗೆ ನಾಳೆ ಎಂಬುದಿಲ್ಲ, ನಮಗೆ ಇದೆ.

ಇದರಿಂದ ನಮ್ಮ ಮುಖ್ಯ ನಿಲುವು ಹೊರಡುತ್ತದೆ. ಕಥೆಗಳಲ್ಲಿ ಉದ್ಧಾರ ಹೊಂದುವ ಕತ್ತಲ ದೂತನು ದೈವಶಾಸ್ತ್ರದ ಅರ್ಥದಲ್ಲಿ ದೂತನೇ ಅಲ್ಲ. ಅವನು ರೆಕ್ಕೆ ಹಚ್ಚಿಕೊಂಡ ಮನುಷ್ಯ. ಅವನು ಹಿಂಜರಿಯುತ್ತಾನೆ, ನೆನಪಿಸಿಕೊಳ್ಳುತ್ತಾನೆ, ಪ್ರೀತಿಸಿ ಬದಲಾಗುತ್ತಾನೆ. ಅಂದರೆ ಕಾಲದಲ್ಲಿ ಬದುಕುತ್ತಾನೆ. ಹೀಗಾಗಿ ಅಂಥ ಕಥೆಯನ್ನು ದೂತಶಾಸ್ತ್ರದ ತಪ್ಪೆಂದು ತಿದ್ದುವುದು ವ್ಯರ್ಥ. ಅದು ನಮ್ಮ ಬಗ್ಗೆ ಸತ್ಯ ಹೇಳುತ್ತದೆಯೇ ಎಂದು ಪರೀಕ್ಷಿಸಬೇಕು.

ಎರಡು ಕಥೆಗಳ ಪರೀಕ್ಷೆ

ಕಥೋಲಿಕರಾಗಿದ್ದ ಜೆ. ಆರ್. ಆರ್. ಟೋಲ್ಕಿನ್ ಈ ವಿಷಯವನ್ನು ಚೆನ್ನಾಗಿ ಬಲ್ಲವರು. ಅವರ ಮರಣಾನಂತರ 1977ರಲ್ಲಿ ಪ್ರಕಟವಾದ 'ಸಿಲ್ಮರಿಲಿಯನ್' ಕೃತಿಯಲ್ಲಿ ದೇವದೂತರಿಗೆ ಸಮಾನರಾದ ಚೇತನರು ಸೃಷ್ಟಿಯಾದ ಜಗತ್ತಿನೊಳಕ್ಕೆ ಇಳಿದು, ಅದರ ಕಾಲಕ್ಕೆ ಒಳಪಟ್ಟು ವಾಸಿಸುತ್ತಾರೆ. ಹೀಗೆ ಮೊದಲೇ ಷರತ್ತನ್ನು ಬದಲಿಸಿದ್ದರಿಂದ ಅಲ್ಲಿ ಮರಳುವಿಕೆ ಸಾಧ್ಯವಾಗುತ್ತದೆ. ಕಡಲಿನ ಚೇತನ ಓಸ್ಸೆ ದಂಗೆಯ ಮೆಲ್ಕೋರನ ಆಮಿಷಕ್ಕೆ ಒಲಿಯುತ್ತಾನೆ. ಅವನ ಸಂಗಾತಿ ಊಯಿನೆನ್ ಅವನನ್ನು ತಡೆದು ಒಡೆಯನ ಮುಂದೆ ಕರೆತರುತ್ತಾಳೆ. ಅವನು ಕ್ಷಮೆ ಪಡೆದು ಸೇವೆಗೆ ಮರಳುತ್ತಾನೆ. ಇದಕ್ಕೆ ಕೆಲವೇ ಸಾಲುಗಳು ಸಂದಿವೆ, ಅಬ್ಬರವಿಲ್ಲ.

ಸೌರೋನನ ಕಥೆ ಇದರ ಪಕ್ಕದಲ್ಲಿ ನಿಲ್ಲುತ್ತದೆ. ಒಡೆಯ ಮೆಲ್ಕೋರನು ಸೋತಾಗ ಸೌರೋನನು ತನ್ನ ಕೃತ್ಯಗಳನ್ನು ತೊರೆಯುವೆನೆನ್ನುತ್ತಾನೆ. ಆ ಕ್ಷಣ ಅದು ನಿಜವೂ ಆಗಿದ್ದಿರಬಹುದೆಂಬ ಸೂಚನೆಯನ್ನು ಟೋಲ್ಕಿನ್ ಬಿಡುತ್ತಾರೆ. ಆದರೆ ಹಿಂದಿರುಗಿ ಹೋಗಿ ನ್ಯಾಯಾಧಿಪತಿಯ ಮುಂದೆ ನಿಲ್ಲಬೇಕೆಂದಾಗ ಅವನಿಗೆ ನಾಚಿಕೆಯಾಗುತ್ತದೆ. ಅವನು ಅಡಗಿಕೊಳ್ಳುತ್ತಾನೆ, ಮತ್ತೆ ಕೆಡುಕಿಗೆ ಬೀಳುತ್ತಾನೆ. 'ಲಾರ್ಡ್ ಆಫ್ ದ ರಿಂಗ್ಸ್' (1954–55) ಕೃತಿಯ ಸಾರುಮಾನನೂ ದೂತವರ್ಗದವನೇ, ಮುದುಕನ ದೇಹ ಧರಿಸಿ ಬಂದವನು. ಅವನಿಗೆ ಗ್ಯಾಂಡಾಲ್ಫ್ ಬಿಡುಗಡೆಯನ್ನು ನೀಡಲು ಬಂದಾಗ ಅವನ ಮುಖದಲ್ಲಿ ಒಂದು ಕ್ಷಣದ ಹೊಯ್ದಾಟ ಕಾಣುತ್ತದೆ. ಬಳಿಕ ಅಹಂಕಾರವೇ ಗೆಲ್ಲುತ್ತದೆ. ಮೂವರ ಕಥೆಯನ್ನೂ ಒಟ್ಟಿಗೆ ಓದಿದರೆ ಟೋಲ್ಕಿನ್‌ರ ದೃಷ್ಟಿ ತಿಳಿಯುತ್ತದೆ. ಪಾಪದ ಗಾತ್ರ ಇವರ ಗತಿಯನ್ನು ನಿರ್ಧರಿಸಲಿಲ್ಲ. ಇನ್ನೊಬ್ಬನ ಮುಂದೆ ಹೋಗಿ ನಿಲ್ಲಲು ಒಪ್ಪಿದವನು ಉಳಿದನು. ಅವನೂ ಒಬ್ಬನೇ ಹೋಗಲಿಲ್ಲ; ಕೈಹಿಡಿದು ಕರೆದೊಯ್ದವರಿದ್ದರು.

ಇನ್ನೊಂದು ಕಥೆ ನಮ್ಮ ವಿದ್ಯಾರ್ಥಿಗಳಲ್ಲಿ ಹಲವರು ನೋಡಿರುವ, 2016ರಿಂದ 2021ರವರೆಗೆ ಆರು ಸರಣಿಗಳಾಗಿ ಬಂದ 'ಲೂಸಿಫರ್' ಧಾರಾವಾಹಿ. ಡಿಸಿ ಕಾಮಿಕ್ಸಿನ ಪಾತ್ರದಿಂದ ಬೆಳೆದ ಈ ಕಥೆಯಲ್ಲಿ ನರಕದ ಒಡೆಯನು ಲಾಸ್ ಏಂಜಲಿಸ್ ನಗರಕ್ಕೆ ಬಂದು ಪೊಲೀಸರಿಗೆ ನೆರವಾಗುತ್ತಾನೆ, ಮನೋಚಿಕಿತ್ಸಕಿಯ ಎದುರು ಕುಳಿತು ತನ್ನ ತಂದೆಯ ಬಗ್ಗೆ ದೂರುತ್ತಾನೆ. ಇದನ್ನು ಬರಿಯ ದೇವದೂಷಣೆ ಎನ್ನುವವರು ಅದರ ಒಳ್ಳೆಯ ಅಂಶವನ್ನು ಕಳೆದುಕೊಳ್ಳುತ್ತಾರೆ. ಅಲ್ಲಿನ ನರಕದ ಬಾಗಿಲುಗಳಿಗೆ ಬೀಗವಿಲ್ಲ. ಆತ್ಮಗಳನ್ನು ಒಳಗೆ ಹಿಡಿದಿಟ್ಟಿರುವುದು ಅವರದೇ ಅಪರಾಧಭಾವ. ನರಕವೆಂದರೆ ದೇವರು ಹೊರಗಿನಿಂದ ಹಾಕಿದ ಅಗುಳಿಯಲ್ಲ ಎಂಬ ಒಳನೋಟ ಸಿ. ಎಸ್. ಲೂಯಿಸ್‌ರಂಥ ಕ್ರೈಸ್ತ ಲೇಖಕರಿಗೂ ಪ್ರಿಯವಾದದ್ದು. ತಾನು ರಾಕ್ಷಸನೆಂದು ನಂಬಿದವನನ್ನು ಇತರರು ಹಾಗೆ ಕಾಣದೆ ಪ್ರೀತಿಸಿದಾಗ ಅವನು ಬದಲಾಗತೊಡಗುವುದೂ ಸತ್ಯವೇ.

ಆದರೆ ಕಥೆಯ ತಿರುಗಣೆ ಎಲ್ಲಿದೆ ಎಂದು ನೋಡಬೇಕು. ಈ ಲೋಕದಲ್ಲಿ ದೂತರು ತಮ್ಮ ಬಗ್ಗೆ ತಾವು ನಂಬಿದಂತೆಯೇ ಆಗುತ್ತಾರೆ. ಲೂಸಿಫರನು ತನ್ನನ್ನು ದ್ವೇಷಿಸಿದಾಗ ಅವನಿಗೆ ದೆವ್ವದ ರೆಕ್ಕೆ ಮೂಡುತ್ತದೆ. ತನ್ನನ್ನು ತಾನೇ ಕ್ಷಮಿಸಲು ಕಲಿತಾಗ ಅದು ಹೋಗುತ್ತದೆ. ಕೊನೆಗೆ ಅವನು ನರಕಕ್ಕೆ ಮರಳಿ, ಅಲ್ಲಿನ ಆತ್ಮಗಳು ತಮ್ಮ ಅಪರಾಧಭಾವದಿಂದ ಹೊರಬರಲು ನೆರವಾಗುವ ಚಿಕಿತ್ಸಕನಾಗುತ್ತಾನೆ. ಇಲ್ಲಿ ಪಾಪವು ಅಪರಾಧಭಾವಕ್ಕೆ ಇಳಿದಿದೆ, ಕ್ಷಮೆ ಸ್ವಯಂಸ್ವೀಕೃತಿಗೆ ಇಳಿದಿದೆ. ಹಾಗಾದರೆ ಕೊಲೆಯಾದವನ ಗತಿಯೇನು? ವಂಚನೆಗೊಳಗಾದವಳ ನ್ಯಾಯವೇನು? ನಾನು ನನ್ನನ್ನು ಕ್ಷಮಿಸಿಕೊಂಡೆನೆಂದು ಕೊಲೆಗಾರನು ಹೇಳಿದರೆ ಸತ್ತವನ ತಾಯಿ ಒಪ್ಪಿಯಾಳೇ? ಕ್ಷಮೆಯನ್ನು ಯಾರೂ ತನಗೆ ತಾನೇ ಕೊಟ್ಟುಕೊಳ್ಳಲಾರನು. ಅದು ನೊಂದವರ ಕಡೆಯಿಂದ, ಕಟ್ಟಕಡೆಗೆ ಎಲ್ಲ ನೊಂದವರ ಬದಿಯಲ್ಲಿ ಶಿಲುಬೆಗೇರಿದವನ ಕಡೆಯಿಂದ ಬರಬೇಕು. ಧಾರಾವಾಹಿಯ ಬಾಗಿಲು ತೆರೆದಿದೆ, ನಿಜ. ಆದರೆ ಆ ಬಾಗಿಲ ಮೂಲಕ ಒಳಕ್ಕೆ ಇಳಿದು ಬಂದು ಕೈಚಾಚುವ ವಿಮೋಚಕನಿಲ್ಲ. ಪುಣ್ಯ ಶನಿವಾರದಂದು ಪ್ರಭು ಪಾತಾಳಕ್ಕೆ ಇಳಿದನೆಂದು ವಿಶ್ವಾಸಿಸುವ ನಮಗೆ ಈ ಕೊರತೆ ಚಿಕ್ಕದಲ್ಲ. ಪೂರ್ವದ ಧರ್ಮಸಭೆಗಳ ಪುನರುತ್ಥಾನದ ಐಕನ್ ಚಿತ್ರದಲ್ಲಿ ಕ್ರಿಸ್ತನು ಆದಾಮನನ್ನು ಮಣಿಕಟ್ಟು ಹಿಡಿದು ಎಳೆಯುತ್ತಾನೆ. ಆದಾಮನು ತಾನಾಗಿ ಏಳುವುದಿಲ್ಲ.

ಪಾಲಕರ ಮುಂದಿರುವ ಕೆಲಸ

ಆದ್ದರಿಂದ ಕತ್ತಲ ದೂತನ ಕಥೆ ಕೈಗೆ ಬಂದಾಗ ಕೇಳಬೇಕಾದದ್ದು, ಅಲ್ಲಿ ಸೈತಾನನ ಹೆಸರಿದೆಯೇ ಎಂದಲ್ಲ. ಕೆಡುಕಿನ ಫಲವನ್ನು ಕಥೆ ಮರೆಮಾಚದೆ ತೋರಿಸುತ್ತದೆಯೇ? ಗಾಯವು ತಪ್ಪಿಗೆ ವಿವರಣೆಯಾಗುವುದು ಸರಿ. ಅದೇ ತಪ್ಪಿಗೆ ಬಿಡುಗಡೆಪತ್ರವೂ ಆಗಿಬಿಡುತ್ತದೆಯೇ? ಬಿದ್ದವನು ಯಾರ ಮುಂದಾದರೂ ನಿಲ್ಲುತ್ತಾನೆಯೇ, ಅಥವಾ ಕನ್ನಡಿಯ ಮುಂದೆ ಮಾತ್ರವೇ? ಈ ಪ್ರಶ್ನೆಗಳಿಗೆ ಟೋಲ್ಕಿನ್, ಕ್ಲೋಪ್‌ಸ್ಟಾಕ್ ಕೊಡುವ ಉತ್ತರ ಒಂದು, ಹ್ಯೂಗೋ ಮತ್ತು ಲೂಸಿಫರ್ ಧಾರಾವಾಹಿ ಕೊಡುವ ಉತ್ತರ ಇನ್ನೊಂದು. ಎರಡನ್ನೂ ಯುವಜನರ ಜೊತೆ ಕುಳಿತು ಓದಬಹುದು, ನೋಡಬಹುದು, ವಾದಿಸಬಹುದು. ನಿಷೇಧಿಸಿದರೆ ಅವರು ಒಬ್ಬರೇ ನೋಡುತ್ತಾರೆ, ಅಷ್ಟೇ.

ಅದಕ್ಕಿಂತ ಮೊದಲು ಕೇಳಿಸಿಕೊಳ್ಳುವ ಕಿವಿ ಬೇಕು. ಹದಿನೇಳರ ಹುಡುಗನು ಬಿದ್ದ ದೂತನಲ್ಲಿ ತನ್ನ ಮುಖವನ್ನು ಬಿಡಿಸುವುದು ಸೈತಾನನ ಮೋಹದಿಂದ ಅಲ್ಲದಿರಬಹುದು. ತಾನು ಮಾಡಿದ ಯಾವುದೋ ಒಂದು ಕೃತ್ಯ, ತನಗಾದ ಯಾವುದೋ ಒಂದು ಗಾಯ ತನ್ನನ್ನು ಎಂದೆಂದಿಗೂ ಹೊರಗೆ ಹಾಕಿದೆಯೆಂದು ಅವನು ನಂಬಿರಬಹುದು. ತನ್ನ ಬೀಳುವಿಕೆ ದೂತನ ಬೀಳುವಿಕೆಯಂತೆ ಕೊನೆಯದೆಂದು ಭಾವಿಸುವುದೇ ಹತಾಶೆ. ಅದು ಅಹಂಕಾರದ ದುಃಖಿತ ಸೋದರಿ. ದೂತರ ಹಠದ ಬಗ್ಗೆ ಪಾಠ ಹೇಳಿ ನಾವು ಆ ಹುಡುಗನ ಹತಾಶೆಗೆ ಸಿದ್ಧಾಂತದ ಮುದ್ರೆ ಒತ್ತಿಬಿಟ್ಟೆವೇನೋ ಎಂಬ ಅಳುಕು ನಮ್ಮನ್ನು ಇಂದಿಗೂ ಬಿಟ್ಟಿಲ್ಲ.

ಅದೇ ಸಿದ್ಧಾಂತವನ್ನು ಇನ್ನೊಂದು ವಾಕ್ಯದವರೆಗೆ ಮುಂದುವರಿಸಿದ್ದರೆ ಸಾಕಿತ್ತು. ಚಿತ್ರ ಬಿಡಿಸಿದವನ ಕಡೆಗೆ ತಿರುಗಿ ಹೀಗೆ ಹೇಳಬೇಕಾಗಿತ್ತು: ಮಗು, ಅವನು ದೂತ, ನೀನು ಮನುಷ್ಯ. ಅವನ ಮಾತು ಮುಗಿದಿದೆ, ನಿನ್ನದು ಮುಗಿದಿಲ್ಲ. ಪ್ರಭು ಕೈಹಿಡಿದದ್ದು ನಿನ್ನ ಕುಲವನ್ನು. ಹೇಳು, ಏನಾಯಿತು? ಇಷ್ಟು ಹೇಳಿ, ಅವನ ಪಕ್ಕದಲ್ಲಿ ಕುಳಿತು, ಅವನು ಬಾಯಿ ಬಿಡುವವರೆಗೆ ಕಾಯಬೇಕಾಗಿತ್ತು. ಗುರುಪಟ್ಟಕ್ಕೆ ಸಿದ್ಧರಾಗುತ್ತಿರುವ ಸಹೋದರರೇ, ಅಂಥ ನೋಟುಪುಸ್ತಕವೊಂದು ನಿಮ್ಮ ಮುಂದೆಯೂ ಒಂದು ದಿನ ತೆರೆದುಕೊಳ್ಳುತ್ತದೆ. ಆಗ ಚಿತ್ರವನ್ನು ನೋಡಿದ ಬಳಿಕ, ಅದನ್ನು ಹಿಡಿದಿರುವ ಕೈಯನ್ನೂ ನೋಡಿರಿ.